ಫರ್ಗುಸನ್ ಎಣಿಸಿದ ಆನೆಗಳು

ಹಳೇಬೀಡಿನ ಹೊಯ್ಸಳೇಶ್ವರ ದೇವಾಲಯದ ಗೋಡೆಯ ಬುಡದಲ್ಲಿ ಸಾಲುಗಟ್ಟಿ ನಡೆಯುವ ಆನೆಗಳ ಬಗ್ಗೆ ಜೇಮ್ಸ್ ಫರ್ಗುಸನ್ ಒಂದು ಲೆಕ್ಕ ಕೊಟ್ಟಿದ್ದಾರೆ. 1876ರಲ್ಲಿ ಪ್ರಕಟವಾದ ಅವರ ವಾಸ್ತುಶಿಲ್ಪ ಇತಿಹಾಸದ ಪ್ರಕಾರ ಆ ಪಟ್ಟಿಕೆಯ ಉದ್ದ ಸುಮಾರು 710 ಅಡಿ, ಅದರಲ್ಲಿರುವ ಆನೆಗಳು ಎರಡು ಸಾವಿರಕ್ಕೆ ಕಡಿಮೆಯಿಲ್ಲ. ಭಾಗಿಸಿ ನೋಡಿ. 710 ಅಡಿಗೆ 8,520 ಇಂಚು. ಎರಡು ಸಾವಿರ ಆನೆಗಳಿಗೆ ಹಂಚಿದರೆ ಒಂದೊಂದರ ಪಾಲಿಗೆ ನಾಲ್ಕೂಕಾಲು ಇಂಚು ಜಾಗ, ಆರು ವರ್ಷದ ಮಗುವಿನ ಒಂದು ಗೇಣಿಗಿಂತ ಕಡಿಮೆ. ಪ್ರವಾಸಿ ಬರಹಗಳಲ್ಲಿ ಕಾಣುವ ಇನ್ನೊಂದು ಸಂಖ್ಯೆ 1,248. ಅದನ್ನು ಹಿಡಿದರೆ ಆನೆಗೆ ಏಳು ಇಂಚಿಗೆ ತುಸು ಕಡಿಮೆ ಸಿಗುತ್ತದೆ. ಯಾರ ಲೆಕ್ಕ ಸರಿ? ಇದನ್ನು ಬಗೆಹರಿಸಲು ಎರಡು ಸಾವಿರದವರೆಗೆ ಎಣಿಸಬೇಕಾಗಿಲ್ಲ. ಒಂದು ಆನೆ ಎಷ್ಟು ಗೇಣು ಎಂದು ನೋಡಿದರೆ ಸಾಕು. ಸೊಂಡಿಲಿನ ತುದಿಯಿಂದ ಬಾಲದವರೆಗೆ ಅಳೆಯಬೇಕೋ, ಒಂದು ಆನೆಯ ಸೊಂಡಿಲಿನಿಂದ ಮುಂದಿನ ಆನೆಯ ಸೊಂಡಿಲಿನವರೆಗೆ ಅಳೆಯಬೇಕೋ ಎಂಬ ಜಗಳ ಮಕ್ಕಳ ನಡುವೆ ಹುಟ್ಟಿಯೇ ಹುಟ್ಟುತ್ತದೆ, ಹುಟ್ಟಬೇಕು ಕೂಡ. ಅಳತೆ, ಅಂದಾಜು, ಭಾಗಾಕಾರ ಮೂರೂ ಆ ಜಗಳದೊಳಗಿವೆ. ಸಂರಕ್ಷಿತ ಸ್ಮಾರಕದ ಶಿಲ್ಪವನ್ನು ಮಕ್ಕಳು ಮುಟ್ಟಿ ಅಳೆಯುವಂತಿಲ್ಲ. ಆದ್ದರಿಂದ ಆ ಆನೆ ಪುಸ್ತಕಕ್ಕೆ ಬರಬೇಕು.

ಚಿತ್ರಪುಸ್ತಕದಿಂದ ಗಣಿತ ರುಚಿಸುತ್ತದೆ ಎಂಬ ಮಾತಿಗೆ ಈಗ ವಿರೋಧ ಹೇಳುವವರು ಕಡಿಮೆ. ಅಂಗನವಾಡಿಯಿಂದ ಖಾಸಗಿ ನರ್ಸರಿಯವರೆಗೆ ಎಲ್ಲರೂ ತಲೆಯಾಡಿಸುತ್ತಾರೆ. ತಕರಾರಿರುವುದು ಯಾವ ಚಿತ್ರಪುಸ್ತಕ ಎಂಬಲ್ಲಿ. ಬಸ್‌ಸ್ಟ್ಯಾಂಡಿನ ಅಂಗಡಿಯಲ್ಲಿ ತೂಗುಹಾಕಿರುವ ಹೊಳೆಯುವ ಪುಸ್ತಕಗಳಲ್ಲಿ 1ರ ಪಕ್ಕ ಒಂದು ಸೇಬು, 2ರ ಪಕ್ಕ ಎರಡು ಬಾತುಕೋಳಿ, 3ರ ಪಕ್ಕ ಮೂರು ಬಲೂನು ಇರುತ್ತವೆ. ಪುಟದ ಮೇಲೆ ಉತ್ತರ ಮೊದಲೇ ದಪ್ಪಕ್ಷರದಲ್ಲಿ ಕೂತಿರುವಾಗ ಎಣಿಸುವ ಮಗುವಿಗೆ ಏನು ಕೆಲಸ? ಅದು ಬಣ್ಣ ಬಳಿದ ಪಾಠಪುಸ್ತಕ. ಎಣಿಸುವ ಕೆಲಸವನ್ನು ಮಗುವಿಗೇ ಬಿಟ್ಟುಕೊಟ್ಟು, ಬಿಟ್ಟುಕೊಟ್ಟೆನೆಂದು ಹೇಳಿಕೊಳ್ಳದೆ ಸುಮ್ಮನಿರುವ ಪುಸ್ತಕ ಮಾತ್ರ ಗಣಿತಕ್ಕೆ ಒದಗುತ್ತದೆ ಎಂಬುದು ನನ್ನ ವಾದ. ಅಂಥ ಪುಸ್ತಕಕ್ಕೆ ಬೇಕಾದ ಸಾಮಗ್ರಿ ಬೇಲೂರು, ಹಳೇಬೀಡು, ಅರಸೀಕೆರೆಗಳ ನಡುವೆ ಬಿದ್ದಿರುವಷ್ಟು ನಾಡಿನ ಬೇರೆಡೆ ಸಿಗುವುದು ಅಪರೂಪ ಎಂಬುದು ಅದರ ಮುಂದುವರಿಕೆ.

ಸುಮ್ಮನಿರುವ ಪುಸ್ತಕಕ್ಕೆ ಮೇಲ್ಪಂಕ್ತಿ ಹಾಕಿಕೊಟ್ಟವರು ಜಪಾನಿನ ಮಿತ್ಸುಮಾಸಾ ಅನ್ನೊ (1926–2020). ಚಿತ್ರಕಾರರಾಗಿ ಹೆಸರು ಮಾಡುವ ಮೊದಲು ಪ್ರಾಥಮಿಕ ಶಾಲೆಯಲ್ಲಿ ಮೇಷ್ಟರಾಗಿದ್ದವರು. 1970ರ ದಶಕದಲ್ಲಿ ಬಂದ ಅವರ ಎಣಿಕೆಯ ಪುಸ್ತಕದಲ್ಲಿ ಕಥೆ ಹೇಳುವ ಒಂದು ಸಾಲೂ ಇಲ್ಲ. ಮೊದಲ ಪುಟ ಬರೀ ಹಿಮ ಮುಚ್ಚಿದ ಬಯಲು, ಅದು ಸೊನ್ನೆ. ಸೊನ್ನೆಗೂ ಒಂದು ಚಿತ್ರ ಬರೆಯಬಹುದೆಂದು ತೋರಿಸಿದ್ದೇ ದೊಡ್ಡ ಮಾತು, ನಮ್ಮ ಬಹುತೇಕ ಎಣಿಕೆ ಪುಸ್ತಕಗಳು ಒಂದರಿಂದಲೇ ಶುರುವಾಗುತ್ತವೆ. ಮುಂದಿನ ಪುಟಗಳಲ್ಲಿ ಅದೇ ಬಯಲಿನಲ್ಲಿ ಊರು ಬೆಳೆಯುತ್ತದೆ. ಒಂದು ಮನೆ, ಎರಡು ಮನೆ, ಮೂರು ಮನೆ. ಮರ, ಜನ, ಪ್ರಾಣಿಗಳೂ ಹಾಗೇ ಗುಂಪುಗುಂಪಾಗಿ ಹೆಚ್ಚುತ್ತವೆ, ಹನ್ನೆರಡಕ್ಕೆ ಬರುವಷ್ಟರಲ್ಲಿ ವರ್ಷದ ಹನ್ನೆರಡು ತಿಂಗಳೂ ಕಳೆದಿರುತ್ತವೆ. ಒಂದೇ ಪುಟದಲ್ಲಿ ಬೇರೆ ಬೇರೆ ವಸ್ತುಗಳೆಲ್ಲ ಒಂದೇ ಸಂಖ್ಯೆಗೆ ಬಂದು ನಿಲ್ಲುವುದನ್ನು ಮಗು ತಾನಾಗಿ ಕಂಡುಕೊಳ್ಳುತ್ತದೆ. ಏಳು ಎಂಬುದು ಕೋಳಿಯ ಗುಣವೂ ಅಲ್ಲ, ಮರದ ಗುಣವೂ ಅಲ್ಲ, ಎರಡಕ್ಕೂ ಹೊರಗಿನದು ಎಂಬ ಅರಿವು ಹಾಗೆ ಮೂಡುತ್ತದೆ. ಗಣಿತವೆಂದರೆ ಅಮೂರ್ತ, ಚಿತ್ರ ತೋರಿಸಿ ಮಕ್ಕಳನ್ನು ಮೂರ್ತದಲ್ಲೇ ಕಟ್ಟಿಹಾಕುತ್ತೀರಿ ಎಂದು ಆಕ್ಷೇಪಿಸುವವರಿಗೆ ನಾನು ಈ ಪುಸ್ತಕವನ್ನೇ ತೋರಿಸುತ್ತೇನೆ.

ರುಚಿಯ ಮಾತು ಬಿಟ್ಟು ಪುರಾವೆಗೆ ಬರೋಣ. ನೆದರ್‌ಲ್ಯಾಂಡ್ಸ್‌ನಲ್ಲಿ ಮಾರ್ಯಾ ವಾನ್ ಡೆನ್ ಹ್ಯೂವೆಲ್-ಪಾನ್‌ಹಾಯ್ಜನ್ ಮತ್ತು ಸಂಗಡಿಗರು 18 ಶಿಶುವಿಹಾರ ತರಗತಿಗಳನ್ನು ತೆಗೆದುಕೊಂಡು, ಅವುಗಳಲ್ಲಿ ಅರ್ಧದಷ್ಟರಲ್ಲಿ ಮೂರು ತಿಂಗಳು 24 ಚಿತ್ರಪುಸ್ತಕಗಳನ್ನು ಓದಿಸಿದರು. ಉಳಿದ ತರಗತಿಗಳಲ್ಲಿ ಎಂದಿನ ಪಾಠವೇ ನಡೆಯಿತು. ಪುಸ್ತಕ ಓದಿದ ಮಕ್ಕಳ ಗಣಿತ ಹೆಚ್ಚು ಸುಧಾರಿಸಿತ್ತು ಎಂದು 2016ರಲ್ಲಿ ಪ್ರಕಟವಾದ ಅವರ ವರದಿ ಹೇಳುತ್ತದೆ. ಈ ಫಲಿತಾಂಶಕ್ಕಿಂತ ಅವರು ಶಿಕ್ಷಕಿಯರಿಗೆ ಕೊಟ್ಟ ಸೂಚನೆ ನನಗೆ ಮುಖ್ಯವಾಗಿ ಕಾಣುತ್ತದೆ. ಕಥೆಯನ್ನು ನಿಲ್ಲಿಸಿ ಪಾಠ ಮಾಡಬೇಡಿ, ಪುಟಪುಟಕ್ಕೂ ಚರ್ಚೆ ಎಬ್ಬಿಸಬೇಡಿ, ಓದಿನ ಓಟ ಕೆಡದಂತೆ ಸಂಯಮದಿಂದಿರಿ ಎಂದು ಅವರು ಹೇಳಿದ್ದರು. ಪುಸ್ತಕ ಸುಮ್ಮನಿದ್ದರೆ ಸಾಲದು, ಓದುವವರೂ ಅಷ್ಟಿಷ್ಟು ಸುಮ್ಮನಿರಬೇಕು. ಇದೇ ವಿಷಯದಲ್ಲಿ 1996ರ ಕೊರಿಯಾದ ಒಂದು ಅಧ್ಯಯನ ಇನ್ನೂ ಎಚ್ಚರದ ಫಲಿತಾಂಶ ಕೊಟ್ಟಿದೆ. ಅಲ್ಲಿ ಕಥೆಪುಸ್ತಕದ ಜೊತೆ ಗಣಿತ ಕಲಿತ ಮಕ್ಕಳು ತರಗತಿಯ ಗಣಿತದ ಮೂಲೆಗೆ ತಾವಾಗಿ ಹೋಗಿ ಹೆಚ್ಚು ಹೊತ್ತು ಕಳೆದರು. ಆದರೆ ನಿಗದಿತ ಮಾದರಿಯ ಪರೀಕ್ಷೆಯ ಅಂಕದಲ್ಲಿ ಹೇಳಿಕೊಳ್ಳುವಂಥ ಅಂತರ ಬರಲಿಲ್ಲ. ವಿರೋಧಿಗಳು ಇದನ್ನು ಎತ್ತಿ ತೋರಿಸಬಹುದು. ನಾನು ಮರೆಮಾಡುವುದಿಲ್ಲ. ಚಿತ್ರಪುಸ್ತಕ ಅಂಕ ತಂದುಕೊಡುವ ಮಂತ್ರವಲ್ಲ. ಲೆಕ್ಕ ಎಂದರೆ ಮುಖ ತಿರುಗಿಸುವ ಮಗು ತಾನಾಗಿ ಲೆಕ್ಕದ ಕಡೆ ನಡೆದುಹೋಗುವುದನ್ನು ಲಾಭವೆಂದು ಬಗೆಯದವರಿಗೆ ನನ್ನ ಬಳಿ ಬೇರೆ ಉತ್ತರವಿಲ್ಲ.

ಎಲ್ಲಕ್ಕಿಂತ ಗಟ್ಟಿಯಾದ ಆಕ್ಷೇಪ ಬರುವುದು ಮಗ್ಗಿಯ ಕಡೆಯಿಂದ. ನಮ್ಮ ಹಿರಿಯರು ಯಾವ ಚಿತ್ರ ನೋಡಿ ಕಲಿತರು? ಸಂಜೆ ದೀಪದ ಮುಂದೆ ಕೂತು ಕಾಲು, ಅರೆ, ಮುಕ್ಕಾಲಿನ ಮಗ್ಗಿಯನ್ನೂ ಒಪ್ಪಿಸಿದವರು ಕೊಬ್ಬರಿ ಮಂಡಿಯಲ್ಲಿ ಬಾಯಿಲೆಕ್ಕ ಮಾಡಿ ಬದುಕಿದರಲ್ಲ? ಇದು ನಿಜ. ಅರಸೀಕೆರೆಯ ಕೊಬ್ಬರಿ ಮಾರುಕಟ್ಟೆಯಲ್ಲಿ ತೂಕ, ದರ, ಖರ್ಚು ಕಳೆದು ಕೈಗೆ ಬರುವ ಹಣವನ್ನು ಕ್ಷಣದಲ್ಲಿ ಹೇಳುವ ರೈತನ ಚುರುಕು ಮಗ್ಗಿಯ ಬಲದಿಂದಲೇ ಬಂದದ್ದು. ಮಗ್ಗಿ ಬೇಡವೆಂದು ನಾನು ಹೇಳುತ್ತಿಲ್ಲ. ಈ ವಾದದಲ್ಲಿ ಮರೆಯಾಗುವ ಒಂದು ಸಂಗತಿಯುಂಟು: ಹಾಗೆ ಮಗ್ಗಿ ಒಪ್ಪಿಸಿದ ಮಕ್ಕಳ ಕಣ್ಣ ಮುಂದೆ ದಿನವಿಡೀ ವಸ್ತುಗಳಿದ್ದವು. ಜೋಡಿ ಜೋಡಿಯಾಗಿ ಎಣಿಸುವ ತೆಂಗಿನಕಾಯಿ, ಸೇರು ಪಾವುಗಳ ರಾಗಿ, ಅಳಗುಳಿಮಣೆಯ ಗುಳಿಗಳಲ್ಲಿ ಹಂಚಿಕೊಂಡು ಹೋಗುವ ಹುಣಸೆಬೀಜ, ಚೌಕಾಬಾರದ ಮನೆಗಳು, ಚುಕ್ಕಿ ಎಣಿಸಿ ಎಳೆಯುವ ರಂಗೋಲಿ. ಕಿವಿಗೆ ಮಗ್ಗಿ, ಕೈಗೆ ಹುಣಸೆಬೀಜ. ಈಗ ಮಗ್ಗಿ ಉಳಿದಿದೆ, ಬೀಜ ಹೋಗಿದೆ. ಪ್ಯಾಕೆಟ್ಟಿನ ಮೇಲೆ ತೂಕ ಅಚ್ಚಾಗಿ ಬರುವ ಕಾಲದಲ್ಲಿ ಆ ತೆರವನ್ನು ತುಂಬಲು ಚಿತ್ರಪುಸ್ತಕ ಬೇಕಾಗಿದೆ, ಮಗ್ಗಿಯ ಜಾಗಕ್ಕಲ್ಲ. ಇನ್ನು ಹಳೆಯ ಗಣಿತವೆಲ್ಲ ಬಾಯಿಪಾಠ ಎಂಬುದೂ ಪೂರ್ತಿ ಸತ್ಯವಲ್ಲ. ಒಂಬತ್ತನೆಯ ಶತಮಾನದಲ್ಲಿ ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯ ತನ್ನ ಗಣಿತಸಾರಸಂಗ್ರಹದಲ್ಲಿ ಭಿನ್ನರಾಶಿ ಕೇಳುವುದು ಆನೆಯ ಹಿಂಡನ್ನೋ ದುಂಬಿಗಳ ಗುಂಪನ್ನೋ ಹರಿದ ಮುತ್ತಿನ ಹಾರವನ್ನೋ ಕಣ್ಣಿಗೆ ಕಟ್ಟಿಕೊಟ್ಟ ಮೇಲೆ. ಹೊಯ್ಸಳರ ಕಾಲದ ರಾಜಾದಿತ್ಯ ವ್ಯವಹಾರಗಣಿತ, ಕ್ಷೇತ್ರಗಣಿತಗಳನ್ನು ಕನ್ನಡದಲ್ಲೇ ಬರೆದ. ಚಿತ್ರದ ಮೂಲಕ ಲೆಕ್ಕ ಎಂಬುದು ಪರದೇಶದಿಂದ ತಂದ ಹವ್ಯಾಸವೇನೂ ಅಲ್ಲ.

ಹಾಗಾದರೆ ಬೇಲೂರು, ಹಳೇಬೀಡು, ಅರಸೀಕೆರೆ ಎಂಬ ಮೂರು ಊರುಗಳಿಂದ ಎಂಥ ಪುಸ್ತಕ ಹುಟ್ಟಬಹುದು? ನಾನು ಅರಸೀಕೆರೆಯ ಶಿವಾಲಯದಿಂದ ಶುರು ಮಾಡುತ್ತೇನೆ. ಬೇಲೂರು ಹಳೇಬೀಡುಗಳಿಗೆ ಹೋಗುವವರು ರೈಲಿಳಿದು ಬಸ್ಸು ಹಿಡಿಯುವ ಊರೆಂದಷ್ಟೇ ಅರಸೀಕೆರೆಯನ್ನು ತಿಳಿದಿರುತ್ತಾರೆ, ಆದರೆ 1220ರ ಸುಮಾರಿನ ಈ ಸಣ್ಣ ಗುಡಿಯ ತಳವಿನ್ಯಾಸ ಹೊಯ್ಸಳ ಕಟ್ಟಡಗಳಲ್ಲೇ ಅತಿ ಜಟಿಲವಾದವುಗಳಲ್ಲಿ ಒಂದು. ವಿಮಾನ ಹದಿನಾರು ಮೂಲೆಯ ನಕ್ಷತ್ರ. ಪುಸ್ತಕದ ಮೊದಲ ಪುಟದಲ್ಲಿ ಒಂದು ಚೌಕವಷ್ಟೇ ಇರಲಿ. ಎರಡನೆಯ ಪುಟದಲ್ಲಿ ನಡುಬಿಂದು ಕದಲದಂತೆ ತುಸು ತಿರುಗಿಸಿದ ಇನ್ನೊಂದು ಚೌಕ ಅದರ ಮೇಲೆ ಬೀಳಲಿ, ಎಂಟು ಮೂಲೆಯಾಯಿತು. ಮೂರನೆಯದು ಬಿದ್ದರೆ ಹನ್ನೆರಡು, ನಾಲ್ಕನೆಯದಕ್ಕೆ ಹದಿನಾರು. ನಾಲ್ಕ್ ನಾಲ್ಕ್ಲ ಹದಿನಾರು ಎಂದು ಯಾರೂ ಹೇಳಿಕೊಡಬೇಕಾಗಿಲ್ಲ, ನಕ್ಷತ್ರವೇ ಅಲ್ಲಿ ಕೂತಿದೆ. ಐದನೆಯ ಪುಟದಲ್ಲಿ ಗುಡಿಯ ನಿಜವಾದ ನಕ್ಷೆ ಬರಲಿ. ಚುರುಕು ಕಣ್ಣಿನ ಮಗು ಆಗ ಪೇಚಿಗೆ ಬೀಳುತ್ತದೆ, ಏಕೆಂದರೆ ಈ ಗುಡಿಯ ನಕ್ಷತ್ರದ ಮೂಲೆಗಳೆಲ್ಲ ಒಂದೇ ಬಗೆಯವಲ್ಲ. ಸ್ಥಪತಿ ನಿಯಮ ಮುರಿದಿದ್ದಾನೆ. ಎಲ್ಲಿ ಮುರಿದಿದ್ದಾನೆ ಎಂದು ಹುಡುಕುವುದಕ್ಕೆ ನಿಯಮ ಗೊತ್ತಿರಬೇಕು. ಸಮಮಿತಿಯನ್ನು ಕಲಿಸಲು ಅಚ್ಚುಕಟ್ಟಾದ ಚಿಟ್ಟೆಯ ರೆಕ್ಕೆಗಿಂತ ಇಂಥ ತುಂಟ ನಕ್ಷೆ ಎಷ್ಟೋ ಮೇಲು.

ಬೇಲೂರಿಗೆ ಬಂದರೆ 1117ರಲ್ಲಿ ವಿಷ್ಣುವರ್ಧನ ಕಟ್ಟಿಸಿದ ಚೆನ್ನಕೇಶವನ ಗುಡಿಯ ಮದನಿಕೆಯರು. ಹೊರಗೆ 38, ಒಳಗೆ ನವರಂಗದಲ್ಲಿ ನಾಲ್ವರು. ಸೇರಿಸಿ ನಲವತ್ತೆರಡು ಎಂದರೆ ಅದು ಬರೀ ಸಂಕಲನ. ನಲವತ್ತೆರಡು ಜನ ಇದ್ದಾರಂತೆ, ಹೊರಗೆ ಸುತ್ತಿ ಬಂದರೂ ಸಿಗುತ್ತಿಲ್ಲ ಎಂದರೆ ಅದು ಕಥೆ, ಕಳೆಯುವ ಲೆಕ್ಕ ಅದರ ಹೊಟ್ಟೆಯಲ್ಲಿದೆ. ಹಳೇಬೀಡಿನ ಪಟ್ಟಿಕೆಗಳು ಕೆಳಗಿನಿಂದ ಮೇಲಕ್ಕೆ ಆನೆ, ಸಿಂಹ, ಬಳ್ಳಿ, ಕುದುರೆ ಸವಾರರು, ಮತ್ತೆ ಬಳ್ಳಿ, ಪುರಾಣದ ಕಥೆಗಳು, ಮಕರ, ಹಂಸ. ಕೆಳಗಿನಿಂದ ಮೂರನೆಯದು ಮೇಲಿನಿಂದ ಎಷ್ಟನೆಯದು ಎಂಬ ಪ್ರಶ್ನೆಯಲ್ಲಿ ದೊಡ್ಡವರೂ ಎಡವುತ್ತಾರೆ.

ದೇವಸ್ಥಾನವನ್ನೇ ಗಣಿತದ ಪುಸ್ತಕ ಮಾಡಿದರೆ ಎಲ್ಲ ಮನೆಯ ಮಕ್ಕಳಿಗೂ ಒಗ್ಗುತ್ತದೆಯೇ ಎಂದು ಕೇಳುವವರಿದ್ದಾರೆ. ನ್ಯಾಯವಾದ ಪ್ರಶ್ನೆ. ಎಣಿಸುವುದು ಆನೆಯನ್ನು, ತಿರುಗಿಸುವುದು ಚೌಕವನ್ನು, ಇಲ್ಲಿ ಪೂಜೆಯ ಮಾತಿಲ್ಲ. ಬೇಲೂರು, ಹಳೇಬೀಡು, ಸೋಮನಾಥಪುರಗಳ ಗುಡಿಗಳು 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿ ಸೇರಿದ ಮೇಲಂತೂ ಅವು ಎಲ್ಲರ ಸೊತ್ತು. ಅಷ್ಟಾದರೂ ಪುಸ್ತಕದಲ್ಲಿ ಹಳೇಬೀಡಿನ ಪಕ್ಕದ ಬಸ್ತಿಹಳ್ಳಿಯ ಬಸದಿಯ ಕನ್ನಡಿಯಂಥ ಕಂಬಗಳೂ ಕೊಬ್ಬರಿ ಮೂಟೆಗಳೂ ರೈಲು ಡಬ್ಬಿಗಳೂ ಇರಬೇಕೆಂದು ನಾನೂ ಒಪ್ಪುತ್ತೇನೆ.

ಖರ್ಚಿನ ಆಕ್ಷೇಪ ಮೊದಲಿನಷ್ಟು ಭಾರವಾಗಿ ಉಳಿದಿಲ್ಲ. ಬೆಂಗಳೂರಿನಲ್ಲಿ 2004ರಲ್ಲಿ ಶುರುವಾದ ಪ್ರಥಮ್ ಬುಕ್ಸ್ ಕನ್ನಡವೂ ಸೇರಿದಂತೆ ಹಲವು ಭಾಷೆಗಳಲ್ಲಿ ಅಗ್ಗದ ಚಿತ್ರಪುಸ್ತಕ ತಂದಿತು. 2015ರಲ್ಲಿ ಅದು ತೆರೆದ ಸ್ಟೋರಿವೀವರ್‌ನಿಂದ ಯಾರು ಬೇಕಾದರೂ ಪುಸ್ತಕ ಇಳಿಸಿಕೊಂಡು ಅಚ್ಚು ಹಾಕಿಸಬಹುದು. ಶಾಲೆಯ ಕಡೆಯಿಂದ ನೋಡಿದರೆ, 1995ರಲ್ಲಿ ಹೆಗ್ಗಡದೇವನಕೋಟೆಯಲ್ಲಿ ಮೊಳೆತು ರಾಜ್ಯಕ್ಕೆಲ್ಲ ಹಬ್ಬಿದ ನಲಿಕಲಿ ಪದ್ಧತಿಯಲ್ಲಿ ಒಂದು, ಎರಡು, ಮೂರನೆಯ ತರಗತಿಯ ಮಕ್ಕಳು ಒಂದೇ ಕೋಣೆಯಲ್ಲಿ ಗುಂಪುಗುಂಪಾಗಿ ಕೂರುತ್ತಾರೆ. ಒಬ್ಬ ಶಿಕ್ಷಕಿಗೆ ಇಷ್ಟು ಗುಂಪುಗಳ ನಡುವೆ ಕಥೆ ಓದಲು ಬಿಡುವೆಲ್ಲಿ ಎಂಬುದು ಸಹಜವಾದ ದೂರು. ಆದರೆ ವಯಸ್ಸು ಕಲಸಿದ ಇಂಥ ಕೋಣೆಗೆ ಒಳ್ಳೆಯ ಚಿತ್ರಪುಸ್ತಕ ಹೊಂದುವಷ್ಟು ನಲಿಕಲಿಯ ಕಲಿಕಾ ಕಾರ್ಡು ಹೊಂದುವುದಿಲ್ಲ. ಒಂದೇ ಪುಟದಲ್ಲಿ ಆರು ವರ್ಷದವಳು ಆನೆ ಎಣಿಸುತ್ತಾಳೆ, ಎಂಟು ವರ್ಷದವನು ಎರಡೆರಡಾಗಿ ಎಣಿಸುತ್ತಾನೆ, ಪಕ್ಕದವಳು ಇಡೀ ಗೋಡೆಗೆ ಎಷ್ಟಾಗಬಹುದೆಂದು ಅಂದಾಜು ಹೊಡೆಯುತ್ತಾಳೆ. ಮಣಿ, ನಾಣ್ಯ, ಭಿನ್ನರಾಶಿ ತುಂಡುಗಳ ಪೆಟ್ಟಿಗೆಯನ್ನು ಅಕ್ಷರ ಫೌಂಡೇಷನ್ನಿನ ಗಣಿತ ಕಲಿಕಾ ಆಂದೋಲನ ನಾಲ್ಕು ಐದನೆಯ ತರಗತಿಗಳಿಗೆ ಮುಟ್ಟಿಸಿದೆ. ಕೈಗೆ ಅದು ಸಿಕ್ಕಿರುವಾಗ ಕಣ್ಣಿಗೂ ಸಿಗಬೇಕು. ಶಾಲೆಯಲ್ಲಿ ಜಾಗವಿಲ್ಲದಿದ್ದರೆ ಗ್ರಾಮ ಪಂಚಾಯಿತಿ ಗ್ರಂಥಾಲಯಗಳಿವೆ. ಅರಿವು ಕೇಂದ್ರಗಳೆಂದು ಹೆಸರು ಬದಲಿಸಿಕೊಂಡ ಅವುಗಳಲ್ಲಿ ಸ್ಪರ್ಧಾತ್ಮಕ ಪರೀಕ್ಷೆಯ ಗೈಡುಗಳ ಪಕ್ಕ ಒಂದು ಮಕ್ಕಳ ಕಪಾಟಿಗೆ ಜಾಗ ಮಾಡುವುದು ಕಷ್ಟದ ಕೆಲಸವಲ್ಲ.

ಕಷ್ಟವಿರುವುದು ಚಿತ್ರಕಾರನಿಗೆ. ಹೊಯ್ಸಳರ ಗೋಡೆಯ ಫೋಟೋ ತೆಗೆದು ಅಚ್ಚು ಹಾಕಿದರೆ ಪುಸ್ತಕವಾಗುವುದಿಲ್ಲ. ಅಲ್ಲಿ ಸೊಂಡಿಲಿಗೆ ಕಾಲು, ಕಾಲಿಗೆ ಬಳ್ಳಿ ಹೆಣೆದುಕೊಂಡು ಎಣಿಸುವ ಕಣ್ಣು ಮೂರನೆಯ ಆನೆಗೇ ದಾರಿ ತಪ್ಪುತ್ತದೆ. ಎಷ್ಟನ್ನು ಬಿಡಬೇಕು ಎಂದು ತಿಳಿದ ರೇಖೆ ಬೇಕು. ಡಚ್ ಸಂಶೋಧಕರ ತಂಡದ ಇನ್ನೊಂದು ಅಧ್ಯಯನವೂ ಈ ಕಡೆಗೇ ಬೊಟ್ಟು ಮಾಡುತ್ತದೆ. ಮಕ್ಕಳಿಂದ ಹೆಚ್ಚು ಗಣಿತದ ಮಾತು ಹೊರಡಿಸಿದ್ದು ಕಥೆಯಲ್ಲಿ ನಡೆಯುವುದನ್ನು ನೇರವಾಗಿ ಬಿಡಿಸಿ ತೋರಿಸುವ ಚಿತ್ರಗಳು, ಹೊಸ ಮಾಹಿತಿ ತುಂಬುವ ಚಿತ್ರಗಳು ಅಷ್ಟನ್ನು ಹೊರಡಿಸಲಿಲ್ಲ. ಶಿಲ್ಪದ ಮೇಲಿನ ಪ್ರೀತಿಯಿಂದ ಚಿತ್ರಕಾರ ಎಲ್ಲವನ್ನೂ ಬಿಡಿಸಲು ಹೊರಟರೆ ಕಾಫಿ ಟೇಬಲ್ ಮೇಲಿಡುವ ಪುಸ್ತಕವಾಗುತ್ತದೆ, ಎರಡನೆಯ ತರಗತಿಯ ಪುಸ್ತಕವಾಗುವುದಿಲ್ಲ. ನನ್ನ ಒಂದೇ ಹಟವೆಂದರೆ ಎಲ್ಲಾದರೂ ಒಂದು ಕಡೆ, ನಡುಪುಟವನ್ನು ಮಡಿಸಿ ಬಿಚ್ಚುವಂತೆ ಮಾಡಿಯಾದರೂ, ಒಂದು ಆನೆಯನ್ನು ಗೋಡೆಯಲ್ಲಿರುವಷ್ಟೇ ಅಳತೆಗೆ ಅಚ್ಚು ಹಾಕಬೇಕು, ಪಕ್ಕದಲ್ಲಿ 710 ಎಂದೂ 2,000 ಎಂದೂ 1,248 ಎಂದೂ ಬರೆದಿರಬೇಕು, ಕೊನೆಯ ಪುಟದಲ್ಲಿ ಉತ್ತರ ಮುದ್ರಿಸಿರಬಾರದು.