ಸೋತ ಮೂರು ಆಟಗಳು

ಚೆಸ್ ಗ್ರ್ಯಾಂಡ್‌ಮಾಸ್ಟರ್‌ಗಳ ಬಗ್ಗೆ ನಮ್ಮ ಪತ್ರಿಕೆಗಳಲ್ಲಿ ಬರುವ ಲೇಖನ ಹೇಗಿರುತ್ತದೆ ಎಂಬುದನ್ನು ಓದುವ ಮೊದಲೇ ಹೇಳಿಬಿಡಬಹುದು. ಎಷ್ಟನೇ ವಯಸ್ಸಿಗೆ ಕಾಯಿ ಹಿಡಿದರು, ಎಷ್ಟನೇ ವಯಸ್ಸಿಗೆ ಪಟ್ಟ ಬಂತು, ರೇಟಿಂಗ್ ಎಷ್ಟು, ಮಗುವಿಗಾಗಿ ಅಪ್ಪ ಅಮ್ಮ ಏನೆಲ್ಲ ಬಿಟ್ಟರು. 2019ರಲ್ಲಿ ಡಿ. ಗುಕೇಶ್ ಗ್ರ್ಯಾಂಡ್‌ಮಾಸ್ಟರ್ ಆದಾಗ ಅವರ ವಯಸ್ಸನ್ನು 12 ವರ್ಷ, 7 ತಿಂಗಳು, 17 ದಿನ ಎಂದು ದಿನಗಳ ಲೆಕ್ಕದಲ್ಲಿ ಹೇಳಲಾಯಿತು. 2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ ಡಿಂಗ್ ಲಿರೆನ್ ಅವರನ್ನು 7.5–6.5ರಿಂದ ಸೋಲಿಸಿದಾಗ ಮತ್ತೆ ವಯಸ್ಸೇ ತಲೆಬರಹವಾಯಿತು: 18. ಅದೇ ಸಿಂಗಪುರದಲ್ಲಿ ಗುಕೇಶ್ ಮೊದಲ ಆಟವನ್ನೇ, ಅದೂ ಬಿಳಿಯ ಕಾಯಿಗಳಲ್ಲಿ, ಸೋತಿದ್ದರು. ಹನ್ನೆರಡನೆಯದನ್ನೂ ಸೋತಿದ್ದರು. ಸಂಭ್ರಮದ ಪುಟದಲ್ಲಿ ಅವು ಒಂದು ಸಾಲಾಗಿ ಉಳಿಯುತ್ತವೆ. ಏಕೆ ಸೋತರು ಎನ್ನುವುದಕ್ಕೆ ಜಾಗವಿರುವುದಿಲ್ಲ.

ಇದು ಇಂದಿನ ಕಾಯಿಲೆಯೇನಲ್ಲ. 1960ರಲ್ಲಿ ವಿಶ್ವ ಚಾಂಪಿಯನ್ ಆದ ರೀಗಾದ ಮಿಖಾಯಿಲ್ ತಾಲ್ ತನ್ನ ಆತ್ಮಕಥೆಯಲ್ಲಿ ಒಂದು ಪ್ರಸಂಗ ಹೇಳುತ್ತಾನೆ. ವಾಸ್ಯುಕೊವ್ ಎಂಬ ಆಟಗಾರನ ಎದುರು ಕುದುರೆಯನ್ನು ಬಲಿಕೊಡುವುದೋ ಬೇಡವೋ ಎಂದು ಯೋಚಿಸುತ್ತ ಕುಳಿತಿದ್ದಾನೆ. ಲೆಕ್ಕ ಕವಲೊಡೆದು ಕವಲೊಡೆದು ತಲೆ ಗೋಜಲಾಗಿದೆ. ಆಗ ಇದ್ದಕ್ಕಿದ್ದಂತೆ ಮಕ್ಕಳ ಪದ್ಯವೊಂದರ ನೀರುಕುದುರೆ ನೆನಪಾಗುತ್ತದೆ. ಜೌಗಿನಲ್ಲಿ ಹೂತ ಅದನ್ನು ಮೇಲೆತ್ತುವುದು ಹೇಗೆ? ಜಾಕ್ ಬೇಕೆ, ಹೆಲಿಕಾಪ್ಟರ್ ಬೇಕೆ? ಬಹಳ ಹೊತ್ತು ಅದನ್ನೇ ಯೋಚಿಸಿ, ಎಂಜಿನಿಯರ್ ಆಗಿ ತಾನು ಸೋತೆನೆಂದು ಒಪ್ಪಿಕೊಂಡು, ಮುಳುಗಿದರೆ ಮುಳುಗಲಿ ಎಂದು ಬಿಟ್ಟುಬಿಡುತ್ತಾನೆ. ಆಮೇಲೆ ಹಲಗೆ ನೋಡಿದರೆ ಅದು ಮೊದಲಿನಷ್ಟು ಜಟಿಲವಾಗಿ ಕಾಣುವುದಿಲ್ಲ. ಕುದುರೆ ಕೊಡುತ್ತಾನೆ, ಗೆಲ್ಲುತ್ತಾನೆ. ಮರುದಿನ ಪತ್ರಿಕೆಯಲ್ಲಿ ಬಂದದ್ದು: ತಾಲ್ 40 ನಿಮಿಷ ಆಳವಾಗಿ ಯೋಚಿಸಿ, ಕರಾರುವಾಕ್ಕಾಗಿ ಲೆಕ್ಕ ಹಾಕಿ ಬಲಿ ಕೊಟ್ಟ.

ವರದಿಗಾರ ಸುಳ್ಳು ಬರೆದಿರಲಿಲ್ಲ. ಗೆಲುವನ್ನು ಹಿಂದಿನಿಂದ ನೋಡಿದಾಗ ಎಲ್ಲವೂ ಲೆಕ್ಕಾಚಾರವಾಗಿಯೇ ಕಾಣುತ್ತದೆ, ಅಷ್ಟೆ. ಆಟಗಾರನ ಬದುಕನ್ನು ಗೆಲುವುಗಳಿಂದ ಮಾತ್ರ ಹೊಲಿದರೆ ಕೊನೆಗೆ ಸಿಗುವುದು ಮನುಷ್ಯನಲ್ಲ, ಒಂದು ಕ್ಯಾಲ್ಕುಲೇಟರ್.

ಈ ದೃಷ್ಟಿಯಿಂದ ನನಗೆ ಮತ್ತೆ ಮತ್ತೆ ತೆಗೆದು ನೋಡಬೇಕೆನಿಸುವ ಪುಸ್ತಕ ಬಾಬಿ ಫಿಶರ್‌ನ ‘ಮೈ 60 ಮೆಮೊರಬಲ್ ಗೇಮ್ಸ್’. ಪ್ರಕಟವಾದದ್ದು 1969ರಲ್ಲಿ. ಆತ ಇನ್ನೂ ವಿಶ್ವ ಚಾಂಪಿಯನ್ ಆಗಿರಲಿಲ್ಲ. ಚೆಸ್ ಆಟಗಾರರು ಸಾಮಾನ್ಯವಾಗಿ ‘ನನ್ನ ಶ್ರೇಷ್ಠ ಆಟಗಳು’ ಎಂದು ಗೆಲುವಿನ ಸಂಕಲನ ತರುತ್ತಾರೆ. ಫಿಶರ್ ‘ನೆನಪಿಡಬೇಕಾದ’ ಎಂಬ ಪದ ಆರಿಸಿಕೊಂಡ. 60ರಲ್ಲಿ 9 ಡ್ರಾ, 3 ಸೋಲು. 13ನೇ ವಯಸ್ಸಿನಲ್ಲಿ ಡೊನಾಲ್ಡ್ ಬರ್ನ್ ವಿರುದ್ಧ ಆಡಿದ, ‘ಶತಮಾನದ ಆಟ’ ಎಂದು ಜಗತ್ತೇ ಕೊಂಡಾಡಿದ ಗೆಲುವು ಇದರಲ್ಲಿಲ್ಲ. 1959ರ ಕ್ಯಾಂಡಿಡೇಟ್ಸ್ ಟೂರ್ನಿಯಲ್ಲಿ ಇದೇ ತಾಲ್ ಎದುರು ಆಡಿದ ನಾಲ್ಕೂ ಆಟಗಳನ್ನು 16ರ ಫಿಶರ್ ಸೋತಿದ್ದ, ಅದರಲ್ಲೊಂದು ಇದರಲ್ಲಿದೆ. 1960ರಲ್ಲಿ ಸ್ಪಾಸ್ಕಿಗೆ ಸೋತದ್ದಿದೆ. 1967ರಲ್ಲಿ ಸ್ಕೋಪಿಯೆಯಲ್ಲಿ ಗೆಲ್ಲರ್‌ಗೆ ಸೋತದ್ದಿದೆ. ಆ ಟೂರ್ನಿ ಗೆದ್ದದ್ದು ಫಿಶರ್‌ನೇ. ಆದರೂ ಕಾಯಿ ಬಲಿಕೊಟ್ಟು ಕಟ್ಟಿದ ದಾಳಿಯಲ್ಲಿ ಗೆಲ್ಲುವ ನಡೆ ತನ್ನ ಕೈತಪ್ಪಿದ್ದು ಎಲ್ಲಿ ಎಂದು ತೋರಿಸದೆ ಅವನಿಗೆ ಸಮಾಧಾನವಿಲ್ಲ.

ಪ್ರತಿ ಆಟಕ್ಕೂ ಲ್ಯಾರಿ ಇವಾನ್ಸ್ ಬರೆದ ಪುಟ್ಟ ಪೀಠಿಕೆಯಿದೆ. ನಂತರದ ಟಿಪ್ಪಣಿಗಳು ಫಿಶರ್‌ನವು. ಗೆದ್ದ ಆಟಗಳಲ್ಲೂ ಎದುರಾಳಿ ಎಲ್ಲಿ ಇನ್ನೂ ಚೆನ್ನಾಗಿ ಆಡಬಹುದಿತ್ತು ಎಂದು ತಾನೇ ಹುಡುಕಿ ಕೊಡುತ್ತಾನೆ. 1962ರ ವಾರ್ನಾ ಒಲಿಂಪಿಯಾಡ್‌ನಲ್ಲಿ ಬೊಟ್ವಿನ್ನಿಕ್ ಜತೆಗಿನ ಡ್ರಾವನ್ನು ನೋಡಿ. ತಾನು ಗೆಲ್ಲಬಹುದಿತ್ತು ಎಂದು ಫಿಶರ್ ನಡೆ ನಡೆಯಾಗಿ ವಾದಿಸಿದ. ಬೊಟ್ವಿನ್ನಿಕ್ ಒಪ್ಪಲಿಲ್ಲ. ವರ್ಷಗಳ ನಂತರ ಬೊಟ್ವಿನ್ನಿಕ್‌ನ ಶಾಲೆಯಲ್ಲಿ 13ರ ಹುಡುಗನೊಬ್ಬ ಡ್ರಾ ಉಳಿಸಿಕೊಳ್ಳುವ ದಾರಿ ಹುಡುಕಿದ. ಹುಡುಗನ ಹೆಸರು ಗ್ಯಾರಿ ಕಾಸ್ಪರೊವ್. ಸ್ಕೋರು ಹೇಳುವ ಬರಹದಿಂದ ಇಂಥ ವಾದ ಹುಟ್ಟುವುದಿಲ್ಲ.

ಪುಸ್ತಕದ ಕೊರತೆಯೂ ಇಲ್ಲೇ ಇದೆ. 64 ಮನೆಗಳ ಆಚೆ ಅದು ಇಣುಕುವುದಿಲ್ಲ. ಬ್ರೂಕ್ಲಿನ್ ಇಲ್ಲ, ತಾಯಿ ಇಲ್ಲ. ತಾಲ್‌ನ ನಗುವೂ ಇಲ್ಲ. ಹಲಗೆಯ ಮೇಲಿನ ಪ್ರಾಮಾಣಿಕತೆ ಹಲಗೆಯಿಂದ ಕೆಳಗಿಳಿಯಲಿಲ್ಲ. 1972ರಲ್ಲಿ ರೇಕ್ಯಾವಿಕ್‌ನಲ್ಲಿ ಸ್ಪಾಸ್ಕಿಯನ್ನು 12.5–8.5ರಿಂದ ಸೋಲಿಸಿದ ಮೇಲೆ ಫಿಶರ್ ಆಡುವುದನ್ನೇ ಬಿಟ್ಟ. 1975ರಲ್ಲಿ ಕಾರ್ಪೊವ್ ಎದುರು ಕೂರದೆ ಪಟ್ಟ ಕಳೆದುಕೊಂಡ. 1992ರಲ್ಲಿ ಸ್ಪಾಸ್ಕಿಯೊಂದಿಗೆ ಮತ್ತೊಮ್ಮೆ ಆಡಿದ್ದು ಬಿಟ್ಟರೆ ಉಳಿದದ್ದು ಅಜ್ಞಾತವಾಸ ಮತ್ತು ಯಹೂದಿಗಳ ಮೇಲೆ ಕಾರಿದ ವಿಷ. 2008ರಲ್ಲಿ ರೇಕ್ಯಾವಿಕ್‌ನಲ್ಲೇ ತೀರಿಕೊಂಡ. ಮೂರು ಸೋಲುಗಳನ್ನು ಅಚ್ಚು ಹಾಕಿಸಿದವನು ನಾಲ್ಕನೆಯದಕ್ಕೆ ಅಂಜಿದನೇ? ಖಚಿತವಾಗಿ ಹೇಳಲು ಬಾರದು. ಆದರೆ ಚಾಂಪಿಯನ್ ಆದವನಿಗೆ ಇಂಥ ಪುಸ್ತಕ ಮತ್ತೆ ಬರೆಯಲಾಗಲಿಲ್ಲ ಎಂಬುದು ಮಾತ್ರ ನಿಜ. ಪಟ್ಟ ಸಿಕ್ಕಿದ್ದೇ ಸೋಲುವ ಸ್ವಾತಂತ್ರ್ಯ ಹೋಯಿತು ಎಂದು ನನ್ನ ಓದು.

ನಡೆಗಳ ಸಂಕೇತ ಓದಲು ಬಾರದವರಿಗೆ ಇದೆಲ್ಲ ಹೇಗೆ ತಲುಪೀತು ಎಂದು ಕೇಳಬಹುದು. ತಾಲ್‌ನ ನೀರುಕುದುರೆಗೆ ಯಾವ ಸಂಕೇತವೂ ಬೇಕಾಗಲಿಲ್ಲ. ಕ್ರಿಕೆಟ್ ಬಗ್ಗೆ ಹೀಗೆ ಬರೆಯುವವರು ನಮ್ಮಲ್ಲಿದ್ದಾರೆ. ಕ್ಯಾಚ್ ಏಕೆ ಕೈಬಿಟ್ಟಿತು ಎಂದು ಅರ್ಧ ಪುಟ ಬರೆದರೂ ಓದುತ್ತೇವೆ. ‘ಸೋಲೇ ಗೆಲುವಿನ ಸೋಪಾನ’ ಎಂಬ ಕ್ಯಾಲೆಂಡರ್ ಮಾತನ್ನು ನಾನು ಹೇಳುತ್ತಿಲ್ಲ. ಆ ಮಾತು ಸೋಲನ್ನು ನೋಡದೆಯೇ ದಾಟಿಬಿಡುತ್ತದೆ. ಫಿಶರ್ ಅದರ ಎದುರು ಕುಳಿತು ಎಷ್ಟನೇ ನಡೆ ಎಂದು ಎಣಿಸಿದ.

ಹೊರನಾಡಿನಲ್ಲಿ ಸಂದರ್ಶನದಿಂದ ಸಂದರ್ಶನಕ್ಕೆ ರೆಸ್ಯೂಮೆ ತಿದ್ದುತ್ತ, ಖಾಲಿಬಿದ್ದ ಆರು ತಿಂಗಳನ್ನು ಎಲ್ಲಿ ಬಚ್ಚಿಡಲಿ ಎಂದು ಯೋಚಿಸುವ ನಮಗೆ ಈ ವ್ಯತ್ಯಾಸ ಬೇಗ ಅರ್ಥವಾಗಬೇಕು. ಮಕ್ಕಳನ್ನು ಚೆಸ್ ತರಗತಿಗೆ ಸೇರಿಸಿ ಅವರ ವಯಸ್ಸನ್ನು ದಿನಗಳಲ್ಲಿ ಎಣಿಸತೊಡಗಿರುವ ಅಪ್ಪ ಅಮ್ಮಂದಿರಿಗಂತೂ ಇನ್ನೂ ಬೇಗ.

ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಮೈಸೂರಿನ ಎಂ. ಎಸ್. ತೇಜ್‌ಕುಮಾರ್. ಅವರಿಗೆ ಆ ಪಟ್ಟ ಬಂದದ್ದು 2017ರಲ್ಲಿ, ವಯಸ್ಸು ಮೂವತ್ತು ದಾಟಿದ ಮೇಲೆ. ‘ಅತಿ ಕಿರಿಯ’ ಎಂಬ ತಲೆಬರಹಕ್ಕೆ ಒಗ್ಗದ ಸಾಧನೆ ಅದು. ಆ ನಡುವಿನ ವರ್ಷಗಳ ಆಟಗಳನ್ನು, ಸೋತವನ್ನೂ ಸೇರಿಸಿ, ಯಾರಾದರೂ ಕನ್ನಡದಲ್ಲಿ ಬರೆದರೆ ಮೊದಲ ಪ್ರತಿ ನನಗಿರಲಿ.