ಹೊಸ್ತಿಲು ದಾಟಿದ ಗೆಳೆತನ



ಹುಮನಾಬಾದಿನ ಬಸ್ ನಿಲ್ದಾಣದಲ್ಲಿ ಬಸವಕಲ್ಯಾಣದ ಬಸ್ಸಿಗಾಗಿ ಕಾಯುವ ಯುವಕರನ್ನು ಗಮನಿಸಿ. ಒಂದು ಚಹಾವನ್ನು ಇಬ್ಬರು ಹಂಚಿಕೊಳ್ಳುತ್ತಾರೆ. ಹೆಗಲ ಮೇಲೆ ಕೈಯಿಟ್ಟು 'ದೋಸ್ತ' ಎನ್ನುತ್ತಾರೆ. ಈ ದೋಸ್ತಿ ಹೋಟೆಲಿನ ಬೆಂಚಿನಿಂದ ಮನೆಯ ಅಡುಗೆಕೋಣೆಯವರೆಗೂ ಬರುವುದೇ? ಇದೇ ಬಸವಕಲ್ಯಾಣದ ಹನ್ನೆರಡನೆಯ ಶತಮಾನದ ಕಥೆಯನ್ನು ಹೇಳುವ ಗಿರೀಶ ಕಾರ್ನಾಡರ 'ತಲೆದಂಡ' (1990) ನಾಟಕ ಆರಂಭವಾಗುವುದೇ ಇಂಥದೊಂದು ಹೊಸ್ತಿಲಲ್ಲಿ.

ಬ್ರಾಹ್ಮಣ ಯುವಕ ಜಗದೇವ ಶರಣನಾಗಿದ್ದಾನೆ. ತಂದೆ ಮರಣಶಯ್ಯೆಯಲ್ಲಿರುವಾಗ ಅವನು ಚರ್ಮ ಹದಮಾಡುವವರ ಮಗ ಮಲ್ಲಿಬೊಮ್ಮನನ್ನು ಕರೆತಂದು, ಒಳಗೆ ಬಾ ಎಂದು ಒತ್ತಾಯಿಸುತ್ತಾನೆ. ಮಲ್ಲಿಬೊಮ್ಮ ಹಿಂಜರಿಯುತ್ತಾನೆ. ಇದನ್ನು ಸಮಾನತೆಯ ವಿಜಯವೆಂದು ಓದುವುದು ಸುಲಭ. ಆದರೆ ಇಲ್ಲಿ ಗೆಳೆಯನ ಸಂಕೋಚಕ್ಕಿಂತ ಜಗದೇವನ ಕೆಚ್ಚಿನ ಪ್ರದರ್ಶನವೇ ದೊಡ್ಡದಾಗಿದೆ. ತನ್ನ ಗಂಡಸುತನವನ್ನು ಕೇರಿಗೆಲ್ಲ ತೋರಿಸಲು ಅವನಿಗೆ ಗೆಳೆಯನೊಬ್ಬ ಬೇಕಾಗಿದ್ದಾನೆ. ಕೊನೆಯಲ್ಲಿ ಬಿಜ್ಜಳನನ್ನು ಕೊಲ್ಲುವವನೂ ಅವನೇ. ಹಿಂಸೆ ಬೇಡವೆಂದ ಬಸವಣ್ಣನವರ ಮಾತು ಅವನಿಗೆ ಹೇಡಿತನವಾಗಿ ಕಂಡಿರಬೇಕು. ಮೊದಲ ದೃಶ್ಯದಲ್ಲೇ ಈ ಬೀಜವನ್ನು ಬಿತ್ತಿರುವುದು ಕಾರ್ನಾಡರ ಹಿರಿಮೆ. ಆದರೆ ನಾಟಕ ನಮ್ಮನ್ನು ಮಲ್ಲಿಬೊಮ್ಮನ ಮನೆಯೊಳಕ್ಕೆ ಕರೆದೊಯ್ಯುವುದಿಲ್ಲ. ಜಗದೇವ ಅಲ್ಲಿ ಉಣ್ಣುವುದನ್ನು ನಾವು ಕಾಣೆವು. ಇದೊಂದು ಕೊರತೆಯೇ ಸರಿ.

ಇದಕ್ಕೆದುರಾಗಿ ಹರಳಯ್ಯ ಮತ್ತು ಮಧುವರಸರನ್ನು ನೋಡಿರಿ. ಒಬ್ಬರು ಚಮ್ಮಾರರು, ಇನ್ನೊಬ್ಬರು ಹುಟ್ಟಿನಿಂದ ಬ್ರಾಹ್ಮಣರು. ಮಕ್ಕಳ ಮದುವೆ ಮಾಡಿ ಬೀಗರಾದರು. ಅದಕ್ಕಾಗಿಯೇ ಪ್ರಾಣ ತೆತ್ತರು. ಇವರ ಗೆಳೆತನ ನಿಜವಾಗಿ ಮನೆಯನ್ನು ಹೊಕ್ಕಿತು. ಅದಕ್ಕೆ ಕತ್ತಿ ಬೇಕಾಗಲಿಲ್ಲ.

ಗೆತ್ಸೆಮನಿ ತೋಪಿನಲ್ಲಿ ಪೇತ್ರನೂ ಕತ್ತಿ ಹಿರಿದನು. ತನ್ನ ನಿಷ್ಠೆಯನ್ನು ತೋರಿಸಲು ಅವನಿಗೆ ಬೇರೆ ದಾರಿ ತೋಚಲಿಲ್ಲ. ಕೆಲವೇ ಗಳಿಗೆಗಳ ನಂತರ, ಚಳಿಕಾಯಿಸುವ ಬೆಂಕಿಯ ಬಳಿ, ಅದೇ ಪೇತ್ರ ತನ್ನ ಗುರುವನ್ನು ಅರಿಯೆನೆಂದನು. ಅದೇ ರಾತ್ರಿ ಯೇಸುಸ್ವಾಮಿ ಶಿಷ್ಯರ ಪಾದಗಳನ್ನು ತೊಳೆದು, ಅವರನ್ನು ಸೇವಕರೆನ್ನದೆ ಗೆಳೆಯರೆಂದು ಕರೆದಿದ್ದರು. ಬಾಗುವುದೂ ಪೌರುಷವೆಂದು ಆ ಬೋಗುಣಿ ಮತ್ತು ಅಂಗವಸ್ತ್ರ ಸಾರುತ್ತವೆ.

ನಮ್ಮ ಯುವಕರಿಗೆ ಧೈರ್ಯ ಕಲಿಸುವವರು ಬಹಳ ಮಂದಿ ಇದ್ದಾರೆ. ಗೆಳೆಯನ ಸಂಕೋಚವನ್ನು ಅರಿಯಲು ಕಲಿಸುವವರಾರು? ಓದುಗರೇ, ನಿಮ್ಮ ಮನೆಗೆ ಯಾರನ್ನು ಕರೆದಿರೆಂದು ನಾನು ಕೇಳುವುದಿಲ್ಲ. ನೀವು ಯಾರ ಮನೆಯಲ್ಲಿ, ಅವರು ಬಡಿಸಿದ್ದನ್ನು, ನೆಲದ ಮೇಲೆ ಕುಳಿತು ಉಂಡಿರಿ?