ರಾಮನ್ ತೆಗೆದ ಡಿಕ್ಕಿಯ ಚಿತ್ರಗಳು

ಚಲನೆಯ ಛಾಯಾಗ್ರಹಣ ಎಂದೊಡನೆ ನಮ್ಮ ಪುಸ್ತಕಗಳು 1878ರಲ್ಲಿ ಮೈಬ್ರಿಜ್ ಕ್ಯಾಲಿಫೋರ್ನಿಯದಲ್ಲಿ ತೆಗೆದ ಓಡುವ ಕುದುರೆಯನ್ನು ಮುಂದಿಡುತ್ತವೆ. ನಾಲ್ಕೂ ಗೊರಸುಗಳು ಒಮ್ಮೆಗೇ ನೆಲ ಬಿಡುತ್ತವೆಯೇ? ಬಿಡುತ್ತವೆ ಎಂದವು ಚಿತ್ರಗಳು. ಕಥೆ ಸೊಗಸಾಗಿದೆ, ಭೌತವಿಜ್ಞಾನದ ವಿದ್ಯಾರ್ಥಿಗೆ ಅಷ್ಟು ಸಾಲದು. ಚಿತ್ರದಿಂದ ಅಳತೆ ಹೊರಡಬೇಕು. 1882ರಲ್ಲಿ ಫ್ರಾನ್ಸಿನ ಮರೇ ಸೆಕೆಂಡಿಗೆ 12 ಚಿತ್ರ ತೆಗೆಯುವ ‘ಬಂದೂಕು’ ಕಟ್ಟಿದ್ದು ಅದಕ್ಕೇ.

ಈ ಸಾಲಿಗೆ ಸೇರುವ ಒಂದು ಪುಟ್ಟ ಪ್ರಬಂಧ ನಮ್ಮ ದೇಶದ್ದು. ಸಿ. ವಿ. ರಾಮನ್ ಬೆಂಗಳೂರಿಗೆ ಬರುವುದಕ್ಕೆ 15 ವರ್ಷ ಮೊದಲು, 1918ರಲ್ಲಿ, ಕಲ್ಕತ್ತೆಯಲ್ಲಿದ್ದಾಗ ‘ಫಿಸಿಕಲ್ ರಿವ್ಯೂ’ದಲ್ಲಿ ಪ್ರಕಟಿಸಿದ್ದು. ವಿಷಯ, ಅತಿ ನಿಧಾನವಾಗಿ ಡಿಕ್ಕಿ ಹೊಡೆಯುವ ಗೋಲಗಳು. ಡಿಕ್ಕಿಯ ನಂತರ ದೂರ ಸರಿಯುವ ವೇಗವನ್ನು ಮೊದಲು ಹತ್ತಿರ ಬಂದ ವೇಗದಿಂದ ಭಾಗಿಸಿದರೆ ಬರುವ ಪುಟಿತ ಗುಣಾಂಕವನ್ನು ಅವರು ಛಾಯಾಚಿತ್ರಗಳಿಂದ ಲೆಕ್ಕ ಹಾಕಿದರು. ವೇಗ ತಗ್ಗಿದಂತೆ ಅದು 1ರ ಕಡೆಗೆ ಏರುತ್ತದೆ!

ಇಲ್ಲಿ ನನ್ನ ತಕರಾರು ಪಠ್ಯಪುಸ್ತಕಗಳ ಮೇಲೆ. ಗಾಜಿಗೆ ಇಷ್ಟು, ಉಕ್ಕಿಗೆ ಇಷ್ಟು ಎಂದು ಒಂದೊಂದು ಸಂಖ್ಯೆ ಕೊಟ್ಟು, ಗುಣಾಂಕವು ವಸ್ತುವಿನ ಸ್ಥಿರಗುಣವೆಂಬಂತೆ ಇಂದಿಗೂ ಲೆಕ್ಕ ಬಿಡಿಸುತ್ತೇವೆ. ರಾಮನ್ನರ ಚಿತ್ರಗಳು ಆ ಸ್ಥಿರತೆಯನ್ನು ಅಂದೇ ಒಡೆದಿದ್ದವು. ಪ್ರಬಂಧಕ್ಕೂ ಒಂದು ಮಿತಿಯಿದೆ: ಶೂನ್ಯ ವೇಗದಲ್ಲಿ ಯಾರೂ ಅಳೆಯಲಾರರು, 1 ಎಂಬುದು ರೇಖೆಯನ್ನು ಮುಂದಕ್ಕೆ ಎಳೆದು ಕಂಡದ್ದು. ಧೂಳಿನ ಕಣಗಳಂಥ ಸೂಕ್ಷ್ಮ ವಸ್ತುಗಳು ನಿಧಾನವಾಗಿ ತಾಗಿದರೆ ಅಂಟಿಕೊಂಡೇ ಬಿಡುತ್ತವೆ.

ಈ ವಿಧಾನದಲ್ಲಿ ನನಗೆ ಮೆಚ್ಚುಗೆಯಾದದ್ದು, ಡಿಕ್ಕಿಯ ಕ್ಷಣವನ್ನೇ ಹಿಡಿಯಬೇಕಾಗಿಲ್ಲ ಎಂಬುದು. ಹಿಂದಿನ, ಮುಂದಿನ ಚಲನೆ ಸಾಕು. ಆದ್ದರಿಂದ ಕಾಮಗೆರೆಯಂಥ ಊರಿನ ಶಾಲೆಯಲ್ಲೂ, ಅಧ್ಯಾಪಕರೇ, ಇದು ಸಾಧ್ಯ. ಒಂದೇ ತೂಕದ ಎರಡು ಗೋಲಿಗಳನ್ನು ತಾಗಿಕೊಂಡಿರುವಂತೆ 1 ಮೀಟರ್ ದಾರಗಳಲ್ಲಿ ತೂಗುಹಾಕಿ. ಒಂದನ್ನು 10 ಸೆಂಟಿಮೀಟರ್ ಪಕ್ಕಕ್ಕೆ ಎಳೆದು ಬಿಡಿ. ತಾಗುವ ವೇಗ ಸೆಕೆಂಡಿಗೆ ಸುಮಾರು 31 ಸೆಂಟಿಮೀಟರ್. ಮೊಬೈಲಿನ ನಿಧಾನಗತಿಯ ವಿಡಿಯೊದಲ್ಲಿ ಎರಡೂ ಗೋಲಿಗಳು ತಲುಪಿದ ತುದಿಗಳನ್ನು ಸ್ಕೇಲಿನ ಮೇಲೆ ಓದಿ. ಸಣ್ಣ ತೂಗಾಟದಲ್ಲಿ ವೇಗವು ದೂರಕ್ಕೆ ಅನುಪಾತದಲ್ಲಿರುವುದರಿಂದ, ಎರಡರ ದೂರಗಳ ವ್ಯತ್ಯಾಸವನ್ನು 10ರಿಂದ ಭಾಗಿಸಿದರೆ ಗುಣಾಂಕ ಸಿಗುತ್ತದೆ. ಮುಂದೆ 5 ಸೆಂಟಿಮೀಟರ್, ಬಳಿಕ 2. ಕೊನೆಯದರಲ್ಲಿ ಅರ್ಧ ಮಿಲಿಮೀಟರ್ ತಪ್ಪಿದರೂ ಉತ್ತರ ಶೇಕಡಾ 2.5ರಷ್ಟು ಅಲುಗಾಡುತ್ತದೆ, ಹತ್ತು ಸಲ ಮಾಡಿಸಿ ಸರಾಸರಿ ತೆಗೆಯಿರಿ. ಬಂದ ಸಂಖ್ಯೆ ಪುಸ್ತಕದ್ದಕ್ಕೆ ಹೊಂದಲಿಲ್ಲವೆಂದು ಮಾತ್ರ ಮಕ್ಕಳ ಅಂಕ ಕಡಿಯಬೇಡಿ.